ಕೇಳಿದರೆ ಒಬ್ಬ ದೇವರು, ಕರೆದರೆ ಇನ್ನೊಬ್ಬ

ಮಧೂರಿನ ದೇವಸ್ಥಾನದ ಪೂರ್ಣ ಹೆಸರು ಶ್ರೀ ಮದನಂತೇಶ್ವರ ಸಿದ್ಧಿವಿನಾಯಕ. ಅಲ್ಲಿನ ಯಜಮಾನ ಮದನಂತೇಶ್ವರ, ಅಂದರೆ ಶಿವ. ಮದರು ಎಂಬ ಮೊಗೇರ ಹೆಂಗಸಿಗೆ ಕಂಡ ಉದ್ಭವಲಿಂಗ ಅದು ಎನ್ನುತ್ತದೆ ಸ್ಥಳಪುರಾಣ. ಆದರೆ ಕಾಸರಗೋಡಿನಲ್ಲಿ ಮಧೂರಿನ ಬಸ್ ಹತ್ತುವವರನ್ನು ಕೇಳಿ ನೋಡಿ, ಶಿವನ ದರ್ಶನಕ್ಕೆ ಹೊರಟಿದ್ದೇನೆ ಎನ್ನುವವರು ಸಿಗುವುದು ಕಷ್ಟ. ಎಲ್ಲರೂ ಹೋಗುವುದು ಗಣಪತಿಯ ಬಳಿಗೆ. ಆ ಗಣಪತಿಯೋ, ಯಾರೋ ಮುಹೂರ್ತ ನೋಡಿ ಪ್ರತಿಷ್ಠೆ ಮಾಡಿದವನಲ್ಲ. ಹುಡುಗನೊಬ್ಬ ಆಟವಾಡುತ್ತಾ ಗರ್ಭಗುಡಿಯ ತೆಂಕಣ ಗೋಡೆಯ ಮೇಲೆ ಗೀಚಿದ ಚಿತ್ರ ದಿನದಿಂದ ದಿನಕ್ಕೆ ದಪ್ಪವಾಗುತ್ತಾ ‘ಬೊಡ್ಡ ಗಣಪತಿ’ಯಾಯಿತು ಎಂಬುದು ಐತಿಹ್ಯ. 1992ರ ನಂತರ ಮೂಡಪ್ಪ ಸೇವೆ ಮತ್ತೆ ನಡೆದದ್ದು 2025ರಲ್ಲಿ. ಮೂರ್ತಿಯನ್ನೇ ಅಪ್ಪದಿಂದ ಮುಚ್ಚುವ ಆ ದೊಡ್ಡ ಸೇವೆಯೂ ಸಲ್ಲುವುದು ಮಗನಿಗೆ, ತಂದೆಗಲ್ಲ.

ದೇವರ ಬಗ್ಗೆ ಇಂದಿನ ಜನ ಏನೆಂದುಕೊಂಡಿದ್ದಾರೆ ಎಂಬ ಪ್ರಶ್ನೆಗೆ ಉತ್ತರ ಹುಡುಕುವವರು ಮಧೂರಿನ ಈ ಏರ್ಪಾಡನ್ನು ಮೊದಲು ಗಮನಿಸಬೇಕು ಎಂದು ನನಗನ್ನಿಸುತ್ತದೆ. ಶಾಸ್ತ್ರದ ಪ್ರಕಾರ ದೇವರು ಯಾರು ಎಂಬುದು ಒಂದು ಮಾತು. ಕಷ್ಟ ಬಂದಾಗ ಯಾರ ಹೆಸರು ಬಾಯಿಗೆ ಬರುತ್ತದೆ ಎಂಬುದು ಬೇರೆಯೇ ಮಾತು. ಹಿರಿಯರು ಹೀಗೆ, ಕಿರಿಯರು ಹಾಗೆ, ಹಿಂದೂಗಳು ಹೀಗೆ, ಮುಸಲ್ಮಾನರು ಹಾಗೆ ಎಂದು ವಿಂಗಡಿಸುವುದು ಸುಲಭ. ಆ ವ್ಯತ್ಯಾಸಗಳು ಸುಳ್ಳೂ ಅಲ್ಲ. ಆದರೆ ಅವೆಲ್ಲಕ್ಕಿಂತ ದೊಡ್ಡ ಬಿರುಕು ಒಬ್ಬೊಬ್ಬ ಮನುಷ್ಯನ ಒಳಗೇ ಇದೆ: ಹೇಳುವ ದೇವರಿಗೂ ವ್ಯವಹರಿಸುವ ದೇವರಿಗೂ ನಡುವೆ.

ಅಂಕಿಅಂಶದಿಂದಲೇ ಶುರುಮಾಡೋಣ. ಅಮೆರಿಕದ ಪ್ಯೂ ಸಂಶೋಧನಾ ಕೇಂದ್ರ ಭಾರತದಾದ್ಯಂತ ಸುಮಾರು 30 ಸಾವಿರ ವಯಸ್ಕರನ್ನು ಮಾತನಾಡಿಸಿ 2021ರಲ್ಲಿ ಒಂದು ಸಮೀಕ್ಷೆ ಪ್ರಕಟಿಸಿತು. ದೇವರನ್ನು ನಂಬುತ್ತೇವೆ ಎಂದವರು ಶೇ. 97. ಹಿಂದೂಗಳಲ್ಲಿ ಶೇ. 61 ಮಂದಿ ‘ದೇವರು ಒಬ್ಬನೇ, ರೂಪಗಳು ಹಲವು’ ಎಂದರು. ಶೇ. 29 ಮಂದಿ ‘ಒಬ್ಬನೇ’ ಎಂದಷ್ಟೇ ಹೇಳಿ ನಿಲ್ಲಿಸಿದರು. ದೇವರುಗಳು ಹಲವರು ಎಂದವರು ಬರೀ ಶೇ. 7. ಅಂದರೆ ಹತ್ತು ಹಿಂದೂಗಳಲ್ಲಿ ಒಂಬತ್ತು ಮಂದಿ ಏಕದೇವತಾವಾದಿಗಳು! ಈಗ ನಮ್ಮ ಕಾಸರಗೋಡಿನ ಪೆರ್ಲದ ಕಡೆಯೋ ಬದಿಯಡ್ಕದ ಕಡೆಯೋ ಒಂದು ಹಳೆಯ ಮನೆಗೆ ಬನ್ನಿ. ಒಳಗೆ ದೇವರ ಕೋಣೆ, ಚಾವಡಿಯಲ್ಲಿ ದೈವದ ಉಯ್ಯಾಲೆ, ತೋಟದ ಮೂಲೆಯಲ್ಲಿ ನಾಗಬನ, ಗುಡ್ಡದ ಬದಿಯಲ್ಲಿ ಗುಳಿಗನ ಕಲ್ಲು, ಇವು ಸಾಲದೆ ತರವಾಡಿನ, ಅಂದರೆ ಕುಟುಂಬದ ಮೂಲಮನೆಯ, ಭಗವತಿ ಬೇರೆ. ದನ ಕಾಣೆಯಾದರೆ ಒಬ್ಬರು, ಮದುವೆ ಕೂಡಿಬರದಿದ್ದರೆ ಇನ್ನೊಬ್ಬರು. ಈ ಮನೆಯವರೂ ಸಮೀಕ್ಷೆಯವರ ಮುಂದೆ ‘ದೇವರು ಒಬ್ಬನೇ’ ಎನ್ನುತ್ತಾರೆ. ಅವರು ಸುಳ್ಳು ಹೇಳುತ್ತಿಲ್ಲ, ಪ್ರಶ್ನೆ ತಲುಪಿದ ಜಾಗದಿಂದ ಉತ್ತರ ಬಂದಿದೆ, ಅಷ್ಟೇ.

ಇದು ನಮ್ಮ ಊರಿನವರ ವೈಶಿಷ್ಟ್ಯವೆಂದು ಹೆಮ್ಮೆಪಡಬೇಕಾಗಿಲ್ಲ, ನಾಚಬೇಕಾಗಿಯೂ ಇಲ್ಲ. ಜಸ್ಟಿನ್ ಬ್ಯಾರೆಟ್ ಮತ್ತು ಫ್ರಾಂಕ್ ಕೈಲ್ ಎಂಬ ಇಬ್ಬರು ಮನಶ್ಶಾಸ್ತ್ರಜ್ಞರು ಅಮೆರಿಕದ ಕಾಲೇಜು ವಿದ್ಯಾರ್ಥಿಗಳ ಮೇಲೆ ನಡೆಸಿದ ಪ್ರಯೋಗವೊಂದನ್ನು 1996ರಲ್ಲಿ ಪ್ರಕಟಿಸಿದರು. ದೇವರು ಹೇಗಿದ್ದಾನೆ ಎಂದು ನೇರವಾಗಿ ಕೇಳಿದಾಗ ವಿದ್ಯಾರ್ಥಿಗಳು ಪಾಠ ಒಪ್ಪಿಸಿದಂತೆ ಹೇಳಿದರು: ಎಲ್ಲೆಡೆ ಇದ್ದಾನೆ, ಎಲ್ಲವನ್ನೂ ಬಲ್ಲ, ಒಂದೇ ಹೊತ್ತಿಗೆ ಎಷ್ಟು ಕೆಲಸವನ್ನಾದರೂ ಮಾಡಬಲ್ಲ. ಆಮೇಲೆ ಅವರಿಗೆ ಕೆಲವು ಪುಟ್ಟ ಕಥೆಗಳನ್ನು ಕೊಡಲಾಯಿತು. ಒಂದರಲ್ಲಿ, ಈಜುತ್ತಿದ್ದ ಹುಡುಗನ ಕಾಲು ಬಂಡೆಗಳ ನಡುವೆ ಸಿಕ್ಕಿಕೊಂಡು ಅವನು ಪ್ರಾರ್ಥಿಸುತ್ತಾನೆ. ಆಗ ದೇವರು ಲೋಕದ ಇನ್ನೊಂದು ಮೂಲೆಯಲ್ಲಿ ಇನ್ನೊಬ್ಬರ ಮೊರೆಗೆ ಓಗೊಡುತ್ತಿದ್ದಾನೆ. ಸ್ವಲ್ಪದರಲ್ಲೇ ದೇವರು ಬಂಡೆಯನ್ನು ಸರಿಸುತ್ತಾನೆ. ಕಥೆಯನ್ನು ನೆನಪಿಸಿಕೊಂಡು ಹೇಳುವಾಗ ಹಲವರು ಅದನ್ನು ತಿದ್ದಿಬಿಟ್ಟರು: ದೇವರು ಅಲ್ಲಿನ ಕೆಲಸ ಮುಗಿಸಿ ಇಲ್ಲಿಗೆ ಬಂದ ಎಂದು. ಕಥೆಯಲ್ಲಿ ಹಾಗೆ ಬರೆದಿರಲೇ ಇಲ್ಲ. ಎಲ್ಲೆಡೆ ಇರುವವನು ಓಡಾಡಬೇಕಾಗಿಲ್ಲ. ಆದರೆ ಕಥೆಯೊಳಗೆ ಹೊಕ್ಕ ಕೂಡಲೇ ಮನಸ್ಸು ದೇವರಿಗೆ ಕಾಲು ಕೊಟ್ಟಿತು, ಸರದಿ ಕೊಟ್ಟಿತು. ಬ್ಯಾರೆಟ್ ಇದೇ ಬಗೆಯ ಪ್ರಯೋಗವನ್ನು ಉತ್ತರ ಭಾರತದ ಹಿಂದೂಗಳ ನಡುವೆಯೂ ಮಾಡಿ 1998ರಲ್ಲಿ ಪ್ರಕಟಿಸಿದರು. ಫಲಿತಾಂಶ ಹೆಚ್ಚು ಕಡಿಮೆ ಅದೇ. ನಿಧಾನವಾಗಿ ಯೋಚಿಸುವಾಗ ನಮಗೆ ನಿರಾಕಾರ ದೇವರು ಸಾಧ್ಯ. ಅವಸರದಲ್ಲಿ, ಅಳುವಿನಲ್ಲಿ, ಬಸ್ಸಿನ ಬ್ರೇಕ್ ಹಿಡಿಯದ ಕ್ಷಣದಲ್ಲಿ ನಮಗೆ ಬೇಕಾದದ್ದು ಕಿವಿಯಿರುವ ಯಾರೋ ಒಬ್ಬರು.

ಮಕ್ಕಳ ವಿಷಯಕ್ಕೆ ಬರುವುದಾದರೆ, ಮಧೂರಿನ ಗೋಡೆಯ ಮೇಲೆ ಗೀಚಿದ ಹುಡುಗನಂಥವರನ್ನು ಕೂರಿಸಿ ದೇವರ ಚಿತ್ರ ಬರೆಸಿದ ಸಂಶೋಧಕರೂ ಇದ್ದಾರೆ. ಅರ್ನೆಸ್ಟ್ ಹಾರ್ಮ್ಸ್ 1944ರಲ್ಲಿ ಇಂಥ ಸಾವಿರಾರು ಚಿತ್ರಗಳನ್ನು ಪರಿಶೀಲಿಸಿ ಬರೆದರು. ಮೂರರಿಂದ ಆರು ವರ್ಷದವರ ದೇವರು ಅಜ್ಜಿಕಥೆಯ ಪಾತ್ರ, ಮೋಡದಲ್ಲಿ ಕೂತ ದೈತ್ಯ ಅಥವಾ ರಾಜ. ಏಳರಿಂದ ಹನ್ನೆರಡರವರು ಮನೆಯಲ್ಲಿ, ಪ್ರಾರ್ಥನಾಲಯದಲ್ಲಿ ಕಂಡ ಚಿಹ್ನೆಗಳನ್ನೂ ಅಪ್ಪನಂಥ ಮನುಷ್ಯನನ್ನೂ ಬರೆಯುತ್ತಾರೆ. ಹದಿಹರೆಯ ಬಂದ ಮೇಲೆ ಒಬ್ಬೊಬ್ಬರ ದೇವರು ಒಂದೊಂದು ರೀತಿ. ನಮ್ಮ ಕಡೆಯ ಮಕ್ಕಳಿಗೆ ಇದಕ್ಕೆ ಜೊತೆಯಾಗಿ ‘ಸುಳ್ಳು ಹೇಳಿದರೆ ದೇವರು ಕಣ್ಣು ಕುಕ್ಕುತ್ತಾರೆ’ ಎಂಬ ದಂಡಸಂಹಿತೆಯೂ ಸಿಗುತ್ತದೆ.

ಜೇಮ್ಸ್ ಫೌಲರ್ ಎಂಬ ಅಮೆರಿಕದ ಧರ್ಮಶಾಸ್ತ್ರಜ್ಞರು 1981ರಲ್ಲಿ ಇದನ್ನು ಇಡೀ ಆಯುಷ್ಯಕ್ಕೆ ವಿಸ್ತರಿಸಿ ನಂಬಿಕೆಗೆ ಆರು ಹಂತಗಳನ್ನು ಗುರುತಿಸಿದರು. ಕಥೆಯನ್ನು ಅಕ್ಷರಶಃ ನಂಬುವ ಹಂತ, ಊರವರು ನಂಬಿದ್ದನ್ನು ನಂಬುವ ಹಂತ, ಎಲ್ಲವನ್ನೂ ಪ್ರಶ್ನಿಸುವ ಹಂತ, ಪ್ರಶ್ನಿಸಿ ದಣಿದ ಮೇಲೆ ಹಳೆಯ ಸಂಕೇತಗಳಿಗೆ ಕಣ್ಣು ತೆರೆದುಕೊಂಡೇ ಮರಳುವ ಹಂತ, ಹೀಗೆ. ಕೊನೆಯ ಹಂತಕ್ಕೆ ಏರುವವರು ಗಾಂಧೀಜಿಯಂಥ ಕೆಲವೇ ಮಂದಿ ಎಂದರು. ಓದಲು ಚೆನ್ನಾಗಿದೆ. ನನಗೆ ಅದರ ಐದನೆಯ ಹಂತ ಮಾತ್ರ ನಮ್ಮೂರಿನಲ್ಲಿ ಸ್ಪಷ್ಟವಾಗಿ ಕಾಣಿಸುತ್ತದೆ. ಮೂವತ್ತರಲ್ಲಿ ಭೂತಾರಾಧನೆಯನ್ನು ಮೂಢನಂಬಿಕೆ ಎಂದು ತರಗತಿಯಲ್ಲೇ ಹೀಗಳೆದ ಮೇಷ್ಟ್ರು ಅರವತ್ತರಲ್ಲಿ ದೈವಸ್ಥಾನದ ಜೀರ್ಣೋದ್ಧಾರ ಸಮಿತಿಯ ಅಧ್ಯಕ್ಷರಾಗಿರುತ್ತಾರೆ. ಅದು ಫೌಲರ್ ಹೇಳಿದ ಮರಳುವಿಕೆಯೋ ಅಧ್ಯಕ್ಷಗಿರಿಯ ಆಸೆಯೋ ಎಂದು ಹೇಳುವುದು ಕಷ್ಟ. ಆದರೆ ಫೌಲರ್ ಮಾತನಾಡಿಸಿದವರು ಹೆಚ್ಚಾಗಿ ಅಮೆರಿಕದ ಕ್ರೈಸ್ತರು ಮತ್ತು ಯಹೂದಿಗಳು. ಅವರ ಏಣಿಯ ಮೇಲಿನ ಮೆಟ್ಟಿಲುಗಳೆಲ್ಲ ಒಂಟಿಯಾಗಿ ಯೋಚಿಸುವವನಿಗೆ ಮೀಸಲು. ಕುಟುಂಬದ ಜೊತೆ, ನೆರೆಯವರ ಜೊತೆ, ಸತ್ತವರ ಜೊತೆಗೂ ಸೇರಿ ದೇವರೊಡನೆ ವ್ಯವಹರಿಸುವ ಮುದುಕಿಯನ್ನು ಆ ಏಣಿ ಕೆಳಗಿನ ಮೆಟ್ಟಿಲಿನಲ್ಲೇ ಕೂರಿಸುತ್ತದೆ.

ಆ ವ್ಯವಹಾರವನ್ನು ಅರ್ಥಮಾಡಿಕೊಳ್ಳಬೇಕಾದರೆ ದೈವದ ಅಂಗಳಕ್ಕೇ ಹೋಗಬೇಕು.

ದೇವಸ್ಥಾನದ ದೇವರು ಮಾತನಾಡುವುದಿಲ್ಲ. ಅರ್ಚಕರು ನಮ್ಮ ಪರವಾಗಿ ಹೇಳಬೇಕು, ನಾವು ಕೈಮುಗಿದು ಸುಮ್ಮನೆ ಬರಬೇಕು. ದೈವ ಮಾತನಾಡುತ್ತದೆ. ಕೋಲದ ರಾತ್ರಿ, ಕಟ್ಟಿದವನ ಮೈಮೇಲೆ ಬಂದು, ಗುತ್ತು ಎಂಬ ಊರ ಹಿರಿಮನೆಯವರನ್ನೂ ನೆರೆಕರೆಯವರನ್ನೂ ಅವರವರಿಗೆ ಸಲ್ಲುವ ಹೆಸರು ಹಿಡಿದು ಕರೆಯುತ್ತದೆ, ಕಷ್ಟ ಕೇಳುತ್ತದೆ, ಗದರುತ್ತದೆ, ನುಡಿ ಕೊಡುತ್ತದೆ. ಕಳೆದ ವರ್ಷ ಕೊಟ್ಟ ನುಡಿ ನಡೆಯದಿದ್ದರೆ ಯಜಮಾನರು ಅದನ್ನು ಎತ್ತಿ ಆಡುವುದೂ ಉಂಟು. ಚಂದ್ರಗಿರಿ ಹೊಳೆಯ ಉತ್ತರಕ್ಕೆ ಇದು ಭೂತಕೋಲ, ನೇಮ. ದಕ್ಷಿಣಕ್ಕೆ ದಾಟಿದರೆ ತೆಯ್ಯಂ, ಕಳಿಯಾಟ. ತುಳುನಾಡಿಗೂ ಕೇರಳಕ್ಕೂ ಗಡಿ ಎಂದು ಹಿಂದಿನವರು ಕರೆದ ಹೊಳೆ ಅದು. ಆದರೆ ದೈವಗಳು ಆ ಗಡಿಯನ್ನು ಅಷ್ಟೇನೂ ಮನ್ನಿಸಿಲ್ಲ.

ವಿಷ್ಣುಮೂರ್ತಿಯ ಕಥೆಯನ್ನೇ ತೆಗೆದುಕೊಳ್ಳಿ. ಹೆಸರು ಕೇಳಿದರೆ ಪುರಾಣದ ವಿಷ್ಣು, ಅದರಲ್ಲೂ ನರಸಿಂಹ. ಆದರೆ ನೀಲೇಶ್ವರದ ಕಡೆ ಹಾಡುವ ಕಥೆಯ ನಾಯಕ ಪಾಲಂತಾಯಿ ಕಣ್ಣನ್ ಎಂಬ ತೀಯ ಹುಡುಗ, ಕುರುವಾಟ್ಟು ಕುರುಪ್ ಎಂಬ ಒಡೆಯನ ಆಳು. ಮಾವಿನ ಮರದಿಂದ ಜಾರಿದ ಹಣ್ಣೊಂದು ಒಡೆಯನ ಸೋದರಸೊಸೆಯ ಮೇಲೆ ಬಿದ್ದುದೇ ಅವನ ಅಪರಾಧ. ಜೀವ ಉಳಿಸಿಕೊಳ್ಳಲು ಮಂಗಳೂರಿಗೆ ಓಡಿ, ಜೆಪ್ಪುವಿನಲ್ಲಿ ವಿಷ್ಣುಮೂರ್ತಿಯನ್ನು ನಂಬಿದ ಮನೆಯಲ್ಲಿ ವರ್ಷಗಟ್ಟಲೆ ಇದ್ದು, ದೈವದ ಆಯುಧ ಹಿಡಿದು ಊರಿಗೆ ಮರಳಿದಾಗ ಕುರುಪ್ ಕೆರೆಯ ಬಳಿ ಅವನನ್ನು ಕಡಿದು ಕೊಲ್ಲುತ್ತಾನೆ. ಮನೆಗೆ ಆಪತ್ತುಗಳ ಮೇಲೆ ಆಪತ್ತು ಬಂದು ಕೊನೆಗೆ ಕೊಂದವನೇ ಕೋಟಪ್ಪುರದಲ್ಲಿ ದೈವಕ್ಕೆ ಸ್ಥಾನ ಕಟ್ಟಬೇಕಾಗುತ್ತದೆ. ಇದೇ ವಿಷ್ಣುಮೂರ್ತಿಗೆ ನಮ್ಮ ಕನ್ನಡ ಊರುಗಳಲ್ಲಿ ಕೆಂಡದ ರಾಶಿ ಹಾಕಿ ಒತ್ತೆಕೋಲ ನಡೆಯುತ್ತದೆ. ಹಿರಣ್ಯಕಶಿಪುವಿನ ಜಾಗದಲ್ಲಿ ಊರಿನ ಜಮೀನ್ದಾರ, ಪ್ರಹ್ಲಾದನ ಜಾಗದಲ್ಲಿ ಮಾವು ಕೊಯ್ಯಲು ಹತ್ತಿದ ಆಳು. ವ್ಯತ್ಯಾಸ ಒಂದೇ, ಇಲ್ಲಿ ಪ್ರಹ್ಲಾದ ಬದುಕುವುದಿಲ್ಲ. ಕೇಳುವವರ ಪಾಲಿಗೆ ದೇವರು ಅಂದರೆ ಸೃಷ್ಟಿಕರ್ತ ಎನ್ನುವುದಕ್ಕಿಂತ, ಮಾಡಿದ ಅನ್ಯಾಯ ಅನ್ಯಾಯವಾಗಿಯೇ ಉಳಿಯಲು ಬಿಡದ ಶಕ್ತಿ.

ದೈವವನ್ನು ಮೈಮೇಲೆ ಹೊರುವವರು ಯಾರು ಎಂಬುದನ್ನೂ ಸೇರಿಸಿಕೊಂಡರೆ ಚಿತ್ರ ಪೂರ್ಣವಾಗುತ್ತದೆ. ಉತ್ತರದಲ್ಲಿ ನಲಿಕೆ, ಪಂಬದ, ಪರವ, ಕೋಪಾಳ ಸಮುದಾಯದವರು, ದಕ್ಷಿಣದಲ್ಲಿ ಮಲಯ, ವಣ್ಣಾನ್ ಮೊದಲಾದವರು. 1947ರ ಮದ್ರಾಸ್ ದೇವಾಲಯ ಪ್ರವೇಶ ಕಾಯಿದೆ ಬರುವ ತನಕ ಇವರಲ್ಲಿ ಹೆಚ್ಚಿನವರಿಗೆ ದೇವಸ್ಥಾನದ ಬಾಗಿಲು ಮುಚ್ಚಿತ್ತು. ವರ್ಷವಿಡೀ ದೂರ ನಿಂತವನ ಮುಂದೆ ಒಂದು ರಾತ್ರಿ ಒಡೆಯ ಕೈಮುಗಿಯುತ್ತಾನೆ, ಬೆಳಗಾದರೆ ಮತ್ತೆ ಹಳೆಯ ದೂರ. ಇದನ್ನು ಕೆಲವರು ಸಮಾನತೆ ಎಂದು ಹಾಡಿಹೊಗಳುತ್ತಾರೆ. ಒಂದು ರಾತ್ರಿಯ ಸಮಾನತೆ ಉಳಿದ ರಾತ್ರಿಗಳನ್ನು ಸಹಿಸಿಕೊಳ್ಳುವಂತೆ ಮಾಡುವ ಉಪಾಯವೂ ಆಗಿರಬಹುದು ಎಂಬ ಸಂಶಯ ನನ್ನದು. ಆದರೆ ಪೊಟ್ಟನ್ ತೆಯ್ಯದ ಮುಂದೆ ಆ ಸಂಶಯವೂ ಸ್ವಲ್ಪ ಅಲುಗಾಡುತ್ತದೆ. ದಾರಿಯಲ್ಲಿ ಶಂಕರಾಚಾರ್ಯರಿಗೆ ಎದುರಾದ ಪುಲಯ, ಅಂದರೆ ಅಸ್ಪೃಶ್ಯನೆನಿಸಿದ ಜಾತಿಯವನು, ಅವನು. ಸರಿದು ನಿಲ್ಲು ಎಂದರೆ ಸರಿಯುವುದಿಲ್ಲ. ನಿನ್ನನ್ನು ಕಡಿದರೂ ನನ್ನನ್ನು ಕಡಿದರೂ ಬರುವುದು ನೆತ್ತರೇ ಅಲ್ಲವೇ ಎಂದು ಕೇಳುತ್ತಾನೆ. ಕೆಂಡದ ರಾಶಿಯ ಮೇಲೆ ಒರಗಿಕೊಂಡು ಹಾಸ್ಯ ಮಾಡುತ್ತಾನೆ. ಅದ್ವೈತವನ್ನು ಬೋಧಿಸಿದವರಿಗೇ ಅದ್ವೈತದ ಪರೀಕ್ಷೆ.

ಪರಧರ್ಮದವರೂ ಈ ಅಂಗಳದ ಹೊರಗಿಲ್ಲ. ಕುಂಬಳೆ ಸಮೀಪದ ಆರಿಕ್ಕಾಡಿಯಲ್ಲಿ ಆಲಿ ಎಂಬ ಮುಸಲ್ಮಾನನೇ ದೈವ, ಭಗವತಿಯ ಕೈಯಲ್ಲಿ ಸತ್ತು ದೈವವಾದವನು ಎಂಬ ಕಥೆ. ಮಂಜೇಶ್ವರದ ಉದ್ಯಾವರ ಮಾಡದ ಅರಸು ಮಂಜಿಷ್ಣಾರ್ ದೈವಗಳ ಕಡೆಯಿಂದ ಜಾತ್ರೆಗೆ ಮುಂಚೆ ಉದ್ಯಾವರದ ಸಾವಿರ ಜಮಾಅತ್ ಮಸೀದಿಗೆ ಹೋಗಿ ಆಮಂತ್ರಣ ಕೊಡುವ ಪದ್ಧತಿ ಇದೆ. ಆಮಂತ್ರಿಸುವವರೂ ಆಮಂತ್ರಣ ಪಡೆಯುವವರೂ ಇನ್ನೊಬ್ಬರ ಧರ್ಮಶಾಸ್ತ್ರವನ್ನು ಒಪ್ಪಬೇಕಾಗಿಲ್ಲ. ನೆರೆಮನೆ ಎಂಬುದನ್ನು ಒಪ್ಪಿದರೆ ಸಾಕು.

ಇನ್ನು ಪಂಡಿತರ ದೇವರು. ಹದಿಮೂರನೆಯ ಶತಮಾನದಲ್ಲಿ, ಕುಂಬಳೆಯ ಅರಸ ಜಯಸಿಂಹನ ಕಾಲಕ್ಕೆ, ಕಾಸರಗೋಡಿನ ಹತ್ತಿರದ ಕಾವು ಮಠದ ತ್ರಿವಿಕ್ರಮ ಪಂಡಿತಾಚಾರ್ಯರು ಮಧ್ವಾಚಾರ್ಯರೊಂದಿಗೆ ದಿನಗಟ್ಟಲೆ ವಾದ ಮಾಡಿ, ಕೊನೆಗೆ ಅವರ ಶಿಷ್ಯರಾದರು ಎನ್ನುತ್ತದೆ ಮಾಧ್ವ ಪರಂಪರೆ. ಮಧ್ವರ ಚರಿತ್ರೆಯನ್ನು ಕಾವ್ಯವಾಗಿ ಬರೆದ ನಾರಾಯಣ ಪಂಡಿತಾಚಾರ್ಯರು ಇವರ ಮಗ. ವಾದದ ತಿರುಳು ಸಣ್ಣದಲ್ಲ. ಆಳದಲ್ಲಿ ಇರುವುದು ಒಂದೇ, ಭೇದವೆಲ್ಲ ತೋರಿಕೆ ಎನ್ನುತ್ತದೆ ಅದ್ವೈತ. ದೇವರು ಬೇರೆ, ಜೀವ ಬೇರೆ, ಎಂದೆಂದಿಗೂ ಬೇರೆ, ಜೀವ ದೇವರ ಅಧೀನ ಎನ್ನುತ್ತದೆ ದ್ವೈತ. ಮೊದಲನೆಯದರಲ್ಲಿ ಪ್ರಾರ್ಥನೆ ಕೊನೆಗೆ ತನ್ನನ್ನೇ ತಾನು ಅರಿಯುವ ದಾರಿ. ಎರಡನೆಯದರಲ್ಲಿ ಮೋಕ್ಷ ಸಿಕ್ಕಿದ ಮೇಲೂ ನೀನು ದಾಸನೇ. ಅದ್ವೈತದ ಪೀಠವೂ ದೂರವಿಲ್ಲ, ಚೆರ್ಕಳ–ಜಾಲ್ಸೂರು ರಸ್ತೆಯಲ್ಲಿ ಎಡನೀರು ಮಠ ಇದೆ. ಅಲ್ಲಿನ ಕೇಶವಾನಂದ ಭಾರತಿ ಸ್ವಾಮೀಜಿ ಮಠದ ಭೂಮಿಯ ವಿಷಯದಲ್ಲಿ ಕೇರಳ ಸರಕಾರದ ವಿರುದ್ಧ ಹೂಡಿದ ದಾವೆಯಿಂದಲೇ 1973ರ ಏಪ್ರಿಲ್ 24ರಂದು ಸುಪ್ರೀಂ ಕೋರ್ಟಿನ 13 ನ್ಯಾಯಮೂರ್ತಿಗಳ ಪೀಠ ಸಂವಿಧಾನದ ಮೂಲರಚನೆಯ ಸಿದ್ಧಾಂತವನ್ನು ಹೇಳಿತು. ಕಾನೂನಿನ ಮಾತು ಬಂದುದರಿಂದ ಇದನ್ನೂ ಹೇಳಿಬಿಡುತ್ತೇನೆ: ಭಾರತದ ನ್ಯಾಯಾಲಯಗಳ ಕಣ್ಣಿಗೆ ದೇವಸ್ಥಾನದ ದೇವರು ಆಸ್ತಿ ಹೊಂದಬಲ್ಲ ಕಾನೂನಾತ್ಮಕ ವ್ಯಕ್ತಿ, ಆದರೆ ಎಂದಿಗೂ ಪ್ರಾಯಕ್ಕೆ ಬಾರದ ಅಪ್ರಾಪ್ತ. ಲೋಕವನ್ನು ಪಾಲಿಸುವವನಿಗೆ ಲೋಕದವರೇ ಪೋಷಕರು.

ಈ ದ್ವೈತಾದ್ವೈತಗಳು ಓದಲು ಬಾರದ ಜನರನ್ನು ತಲುಪಿದ್ದು ಮಠದಿಂದಲ್ಲ, ಯಕ್ಷಗಾನದಿಂದ. ತೆಂಕುತಿಟ್ಟಿನ ಆದಿಕವಿ ಎನಿಸಿದ ಪಾರ್ತಿಸುಬ್ಬ ಕುಂಬಳೆಯವನು. ರಾಮಾಯಣವನ್ನು ಪ್ರಸಂಗಗಳಾಗಿ ಕಟ್ಟಿದವನು. ಅವನ ವಾಲಿಯ ಪ್ರಸಂಗ ತಾಳಮದ್ದಲೆಗೆ ಬಂದಾಗ ನಡೆಯುವುದು ಒಂದು ಮೊಕದ್ದಮೆ. ಬಾಣ ತಗಲಿ ಬಿದ್ದ ವಾಲಿ ಕೇಳುತ್ತಾನೆ: ನಿನಗೆ ನಾನು ಮಾಡಿದ ದ್ರೋಹವೇನು, ಮರೆಯಲ್ಲಿ ನಿಂತು ಹೊಡೆದೆಯಲ್ಲ? ಪದ್ಯ ಭಾಗವತರದು, ಮಾತು ಅರ್ಥಧಾರಿಯದು, ಅದಕ್ಕೆ ಬರೆದಿಟ್ಟ ಪಾಠವಿಲ್ಲ. ರಾಮನ ಅರ್ಥಧಾರಿ ಗಟ್ಟಿಗನಲ್ಲದಿದ್ದರೆ ಆ ರಾತ್ರಿ ದೇವರು ಸಭೆಯಲ್ಲಿ ಸೋಲುತ್ತಾನೆ. ಕೇಳುಗರು ಎದ್ದು ಮನೆಗೆ ಹೋಗುವಾಗ ವಾಲಿಯ ಪರವೇ ಮಾತನಾಡುತ್ತಾರೆ, ಮರುದಿನ ಬೆಳಿಗ್ಗೆ ರಾಮನಿಗೆ ದೀಪವನ್ನೂ ಹಚ್ಚುತ್ತಾರೆ. ದೇವರನ್ನು ಪ್ರಶ್ನಿಸುವುದು ಹೊಸ ತಲೆಮಾರಿನ ಸಾಹಸ ಎಂದುಕೊಂಡವರು ಒಂದು ರಾತ್ರಿ ತಾಳಮದ್ದಲೆಯಲ್ಲಿ ಕೂತು ಬರಬೇಕು.

ಒಬ್ಬನೇ ದೇವರು ಎಂದು ಖಚಿತವಾಗಿ ಹೇಳುವ ಧರ್ಮಗಳಲ್ಲಿ ಈ ಒಳಬಿರುಕು ಇರಲಾರದು ಎನ್ನಿಸಬಹುದು. ತಳಂಗರೆಯ ಮಾಲಿಕ್ ದೀನಾರ್ ಮಸೀದಿಯ ಊರಿನಲ್ಲಿ ತೌಹೀದ್, ಅಂದರೆ ಅಲ್ಲಾಹನ ಏಕತ್ವ, ಮದ್ರಸದ ಮೊದಲ ಪಾಠ. ಅದರ ಬಗ್ಗೆ ಭಿನ್ನಾಭಿಪ್ರಾಯ ಇಲ್ಲ. ಭಿನ್ನಾಭಿಪ್ರಾಯ ಇರುವುದು ಆ ಒಬ್ಬನ ಬಳಿಗೆ ಹೋಗುವ ದಾರಿಯಲ್ಲಿ. ಮಹಾತ್ಮರ ಮಖಾಂಗೆ, ಅಂದರೆ ಸಮಾಧಿಗೆ, ಹೋಗಿ ಅವರ ಮೂಲಕ ಬೇಡಬಹುದು, ನೇರ್ಚೆ ಎಂಬ ಹರಕೆ ಸಲ್ಲಿಸಬಹುದು, ಉರೂಸ್ ಮಾಡಬಹುದು ಎನ್ನುವುದು ಸಾಂಪ್ರದಾಯಿಕ ಸುನ್ನಿಗಳ ನಿಲುವು. ಮಧ್ಯಸ್ಥರನ್ನು ಬೇಡುವುದೇ ಶಿರ್ಕ್, ಅಲ್ಲಾಹನಿಗೆ ಪಾಲುದಾರರನ್ನು ಕಲ್ಪಿಸಿದಂತೆ ಎನ್ನುವುದು ಮುಜಾಹಿದ್ ಪಂಗಡ ಮೊದಲಾದ ಸುಧಾರಣಾವಾದಿಗಳ ನಿಲುವು. ಇದರಲ್ಲಿ ವಯಸ್ಸಿನ ಆಟ ಕುತೂಹಲಕರ. ಮಗುವಿಗೆ ಜ್ವರ ಬಂದರೆ ಮಖಾಂಗೆ ಹರಕೆ ಹೊರುವವಳು ಅಜ್ಜಿ. ಅದು ತಪ್ಪು ಎಂದು ಪ್ರಮಾಣಗಳನ್ನು ಎತ್ತಿ ವಾದಿಸುವವನು ಗಲ್ಫಿನಲ್ಲಿ ದುಡಿದು ಬಂದ ಮೊಮ್ಮಗ. ಚಿಕ್ಕವರು ದೇವರಿಂದ ದೂರ ಸರಿಯುತ್ತಾರೆ, ಹಿರಿಯರು ಕಟ್ಟಾ ಆಸ್ತಿಕರು ಎಂಬ ಸಿದ್ಧಮಾತು ಇಲ್ಲಿ ತಲೆಕೆಳಗಾಗುತ್ತದೆ.

ಹಿಂದೂಗಳ ನಡುವೆಯೂ ಇದೇ ಆಗುತ್ತಿದೆ, ಬೇರೆ ವೇಷದಲ್ಲಿ. ಕಾಡುಕಲ್ಲಿಗೆ ಎಳನೀರು ಇಟ್ಟು ಮುಗಿಸುತ್ತಿದ್ದ ಜಾಗದಲ್ಲಿ ಈಗ ಅಷ್ಟಮಂಗಲ ಪ್ರಶ್ನೆ, ಜೀರ್ಣೋದ್ಧಾರ, ಬ್ರಹ್ಮಕಲಶ. ಗುಳಿಗ ಶಿವನ ಅಂಶ, ಇನ್ನೊಂದು ದೈವ ವಿಷ್ಣುವಿನ ಅಂಶ ಎಂಬ ಫಲಕಗಳು. ದೈವದ ಕಥೆ ಹೇಳುವ ತುಳು ಹಾಡು ಪಾಡ್ದನ ಅರ್ಥವಾಗದ ಯುವಕರಿಗೆ ಸಂಸ್ಕೃತ ಸ್ತೋತ್ರ ಯೂಟ್ಯೂಬಿನಲ್ಲಿ ಸಿಗುತ್ತದೆ. ಓದು ಹೆಚ್ಚಿದಂತೆ ದೇವರುಗಳು ಒಂದೇ ಅಚ್ಚಿನವರಾಗುತ್ತಾರೆ ಎಂಬುದು ನನ್ನ ಅಂದಾಜು. ಪುಸ್ತಕದ ದೇವರು ಎಲ್ಲ ಊರಿಗೂ ಒಬ್ಬನೇ, ಅಜ್ಜಿಯ ದೇವರಿಗೆ ಮಾತ್ರ ಸರ್ವೆ ನಂಬರ್ ಇತ್ತು.

ಬೇಳದ ಇಗರ್ಜಿಗೆ ಸೇರಿದಂಥ ಕೊಂಕಣಿ ಕ್ರೈಸ್ತರ ಮನೆಗಳಲ್ಲಿ ಸೆಪ್ಟೆಂಬರ್ 8ರ ಮೊಂತಿ ಹಬ್ಬಕ್ಕೆ ಹೊಸ ತೆನೆಯನ್ನು ಆಶೀರ್ವದಿಸಿ ತಂದು ಊಟ ಮಾಡುತ್ತಾರೆ. ಪಕ್ಕದ ಹಿಂದೂ ಮನೆಯಲ್ಲೂ ತೆನೆ ಕಟ್ಟಿ ಹೊಸ ಅಕ್ಕಿ ಊಟ ಮಾಡುವ ಕ್ರಮವಿದೆ. ಇಬ್ಬರ ದೇವರ ವ್ಯಾಖ್ಯಾನ ಬೇರೆ, ಗದ್ದೆಯ ಮುಂದೆ ನಿಂತಾಗಿನ ಕೃತಜ್ಞತೆ ಒಂದೇ. ಮಂಜೇಶ್ವರದ ಬಂಗ್ರಮಂಜೇಶ್ವರದಲ್ಲಿ ಜೈನ ಬಸದಿಯಿದೆ. ಆ ಧರ್ಮದಲ್ಲಿ ಸೃಷ್ಟಿಕರ್ತನೇ ಇಲ್ಲ, ತೀರ್ಥಂಕರರು ವರ ಕೊಡುವವರೂ ಅಲ್ಲ, ದಾಟಿಹೋಗಿ ದಾರಿ ತೋರಿದವರು. ಅದೇ ಮಂಜೇಶ್ವರದಲ್ಲಿ ಗೌಡ ಸಾರಸ್ವತ ಮನೆಯ ಗೋವಿಂದ ಪೈಗಳು ಕ್ರಿಸ್ತನ ಕೊನೆಯ ದಿನದ ಮೇಲೂ ಬುದ್ಧನ ಕೊನೆಯ ದಿನದ ಮೇಲೂ ಖಂಡಕಾವ್ಯ ಬರೆದರು. ಕಾಞಂಗಾಡಿನಲ್ಲಿ 1931ರಲ್ಲಿ ಆನಂದಾಶ್ರಮ ಕಟ್ಟಿದ ಸ್ವಾಮಿ ರಾಮದಾಸರಿಗೆ ಇಷ್ಟೆಲ್ಲ ವಿಂಗಡಣೆಯೇ ಬೇಕಾಗಿರಲಿಲ್ಲ. ರೈಲಿನಿಂದ ಇಳಿಸಿದ ಟಿಕೆಟ್ ತಪಾಸಣೆಯವನೂ ಅವರಿಗೆ ರಾಮನೇ.

ದೇವರ ಕಲ್ಪನೆಗೆ ನಿಜವಾದ ಒರೆಗಲ್ಲು ಸಂಕಟ. ಈ ಜಿಲ್ಲೆಗೆ ಆ ಪಾಠ ಕಲಿಸಿದ್ದು ಎಂಡೋಸಲ್ಫಾನ್ ಎಂಬ ಕೀಟನಾಶಕ. 1970ರ ದಶಕದ ಕೊನೆಯಿಂದ 2000ದ ವರೆಗೆ ಸರಕಾರಿ ಒಡೆತನದ ಗೇರುತೋಟಗಳ ಮೇಲೆ ಹೆಲಿಕಾಪ್ಟರಿನಿಂದ ವಿಷ ಸಿಂಪಡಿಸಲಾಯಿತು. ಎಣ್ಮಕಜೆ ಪಂಚಾಯತಿನ ಪಡ್ರೆಯಂಥ ಹಳ್ಳಿಗಳಲ್ಲಿ ಮಕ್ಕಳು ಅಂಗವೈಕಲ್ಯ, ಬುದ್ಧಿಮಾಂದ್ಯ, ನರರೋಗಗಳೊಡನೆ ಹುಟ್ಟತೊಡಗಿದಾಗ ಜನ ಮೊದಲು ಹೆಲಿಕಾಪ್ಟರಿನತ್ತ ಬೆರಳು ಮಾಡಲಿಲ್ಲ. ಜಟಾಧಾರಿ ದೈವ ಮುನಿದಿದೆ ಎಂದುಕೊಂಡವರಿದ್ದರು. ಊರಿನ ವೈದ್ಯರೊಬ್ಬರು, ಪತ್ರಕರ್ತರು, ಹೋರಾಟಗಾರರು ಬೆನ್ನುಹತ್ತಿ ಕಾರಣವನ್ನು ಗೇರುತೋಟಕ್ಕೆ ಜೋಡಿಸಿದರು. 2011ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಎಂಡೋಸಲ್ಫಾನನ್ನು ನಿಷೇಧಿಸಿತು, 2017ರ ಜನವರಿಯಲ್ಲಿ ಸಂತ್ರಸ್ತರಿಗೆ ತಲಾ 5 ಲಕ್ಷ ರೂಪಾಯಿ ಕೊಡಬೇಕೆಂದು ಆದೇಶಿಸಿತು.

ದೈವದ ಮುನಿಸು ಎಂಬ ವಿವರಣೆಯಿಂದ ಆದ ನಷ್ಟವನ್ನು ಮುಚ್ಚಿಡಬಾರದು. ಅಷ್ಟು ದಿನ ಅಪರಾಧಿ ತಪ್ಪಿಸಿಕೊಂಡ, ತಾಯಂದಿರು ತಮ್ಮಲ್ಲೇ ತಪ್ಪು ಹುಡುಕಿಕೊಂಡರು. ಆದರೆ ವಿಜ್ಞಾನದ ಉತ್ತರ ಬಂದ ಮೇಲೂ ಒಂದು ಪ್ರಶ್ನೆ ಉಳಿಯುತ್ತದೆ. ಇವಾನ್ಸ್-ಪ್ರಿಚರ್ಡ್ ಎಂಬ ಮಾನವಶಾಸ್ತ್ರಜ್ಞರು ಆಫ್ರಿಕಾದ ಅಜಾಂದೆ ಜನರ ನಡುವೆ ಇದನ್ನು ಗುರುತಿಸಿ 1937ರಲ್ಲೇ ಬರೆದಿದ್ದರು. ಗೆದ್ದಲು ತಿಂದ ಕಣಜ ಕುಸಿದು ಕೆಳಗೆ ಕೂತವರಿಗೆ ಪೆಟ್ಟಾದರೆ, ಗೆದ್ದಲು ತಿಂದದ್ದು ಅವರಿಗೂ ಗೊತ್ತು. ಅವರು ಕೇಳುವುದು, ಇವರೇ ಕೂತಿದ್ದ ಹೊತ್ತಿಗೇ ಅದು ಏಕೆ ಕುಸಿಯಿತು ಎಂದು. ಗೆದ್ದಲಿನ ಅಧ್ಯಯನದಲ್ಲಿ ಅದಕ್ಕೆ ಉತ್ತರವಿಲ್ಲ. ಪಡ್ರೆಯ ತಾಯಿಗೆ ಎಂಡೋಸಲ್ಫಾನ್ ಎಂಬ ಹೆಸರು ಈಗ ಬಾಯಿಪಾಠ. ಅದೇ ನೀರು ಕುಡಿದ ಪಕ್ಕದ ಮನೆಯ ಮಗು ನೆಟ್ಟಗಿದ್ದು ತನ್ನ ಮಗು ಏಕೆ ಹೀಗಾಯಿತು ಎಂಬುದನ್ನು ಅವಳು ಯಾವ ಕಚೇರಿಯಲ್ಲಿ ಕೇಳಬೇಕು? ಆ ಪ್ರಶ್ನೆಯನ್ನು ಅವಳು ದೀಪದ ಮುಂದೆ ಕೇಳುತ್ತಾಳೆ. ಅಲ್ಲೂ ಉತ್ತರ ಬರುವುದಿಲ್ಲ, ಆದರೆ ಅರ್ಜಿ ತಿರಸ್ಕರಿಸಿದೆ ಎಂದೂ ಯಾರೂ ಹೇಳುವುದಿಲ್ಲ.

ಅನಂತಪುರದ ಸರೋವರ ಕ್ಷೇತ್ರದ ಮೊಸಳೆ ಬಬಿಯಾ 2022ರ ಅಕ್ಟೋಬರ್ 9ರಂದು ಸತ್ತಾಗ ಜನ ಸಾಲುಗಟ್ಟಿ ಅಂತಿಮ ದರ್ಶನ ಪಡೆದರು, ಮರುವರ್ಷ ಇನ್ನೊಂದು ಮೊಸಳೆ ಕೆರೆಯಲ್ಲಿ ಕಾಣಿಸಿಕೊಂಡಿತು. ಗುಹೆಯಿಂದ ಬಂದಿರಬೇಕು ಎನ್ನುವವರಿಗೂ ದೇವರು ಕಾವಲುಗಾರನನ್ನು ಕಳಿಸಿದರು ಎನ್ನುವವರಿಗೂ ಜಗಳವೇನೂ ಆಗಲಿಲ್ಲ. ಎಷ್ಟೋ ಸಲ ಎರಡನ್ನೂ ಹೇಳಿದವರು ಒಬ್ಬರೇ.

ಉಳಿದವರು ನಾಸ್ತಿಕರು. 1943ರ ಮಾರ್ಚ್ 29ರಂದು ಗಲ್ಲಿಗೇರಿದ ಕಯ್ಯೂರಿನ ನಾಲ್ವರು ರೈತ ಹೋರಾಟಗಾರರ ಜಿಲ್ಲೆ ಇದು. ಜಿಲ್ಲೆಯ ತೆಂಕು ಭಾಗದಲ್ಲಿ ಕೆಂಪು ಬಾವುಟ ಇಲ್ಲದ ಊರು ಅಪರೂಪ. ದೇವರಿಲ್ಲ ಎಂದು ಭಾಷಣ ಮಾಡಬಲ್ಲ ಕಾರ್ಯಕರ್ತನೇ ತರವಾಡಿನ ಕಳಿಯಾಟಕ್ಕೆ ಪಂದಲು ಹಾಕಿಸುತ್ತಾನೆ, ಅನ್ನದಾನದ ಲೆಕ್ಕ ಬರೆಯುತ್ತಾನೆ. ಇದನ್ನು ಬೂಟಾಟಿಕೆ ಎಂದು ನಗುವವರು ನಂಬಿಕೆ ಮತ್ತು ಸಂಬಂಧ ಎಂಬ ಎರಡನ್ನು ಒಂದೇ ಎಂದು ಭಾವಿಸಿದವರು. ತೆಯ್ಯದ ಅಸ್ತಿತ್ವವನ್ನು ಅವನು ಒಪ್ಪುವುದಿಲ್ಲ, ತೆಯ್ಯದೊಂದಿಗಿನ ತನ್ನ ಮನೆಯ ನಂಟನ್ನು ನಿರಾಕರಿಸುವುದೂ ಇಲ್ಲ.

ಆದ್ದರಿಂದ ಕಾಸರಗೋಡಿನಲ್ಲಿ ಸಮೀಕ್ಷೆ ಮಾಡುವವರಿಗೆ ನನ್ನದೊಂದು ಸಲಹೆ: ದೇವರನ್ನು ನಂಬುತ್ತೀರಾ ಎಂದು ಕೇಳುವ ಬದಲು, ನಿಮ್ಮ ಮನೆಯಲ್ಲಿ ಯಾವ ಹರಕೆ ಬಾಕಿ ಇದೆ ಎಂದು ಕೇಳಿ. ಹರಕೆಯ ನಿಯಮ ವಿಚಿತ್ರ. ಹೊತ್ತವರು ತೀರಿಸದೆ ಸತ್ತರೆ ಅದು ಸಾಲದಂತೆ ಮಕ್ಕಳಿಗೆ ಬರುತ್ತದೆ. ಮನೆಯಲ್ಲಿ ಒಂದರ ಹಿಂದೆ ಒಂದು ತೊಂದರೆ ಕಂಡಾಗ ಪ್ರಶ್ನೆ ಇಡಿಸುತ್ತಾರೆ. ಅಜ್ಜ ಯಾವುದೋ ದೈವಕ್ಕೆ ಒಂದು ಕೋಲ ಹೇಳಿಕೊಂಡು ಮರೆತಿದ್ದ ಎಂದು ಜೋಯಿಸರು ಕಾಣುತ್ತಾರೆ. ತಪ್ಪುಕಾಣಿಕೆ ಕಟ್ಟಿಟ್ಟು ದಿನ ಗೊತ್ತುಮಾಡುತ್ತಾರೆ. ಖರ್ಚನ್ನು ಪಾಲು ಹಾಕಿದಾಗ ದುಬೈಯಲ್ಲಿರುವ ಮೊಮ್ಮಗನಿಗೂ ವಾಟ್ಸ್ಆಪಿನಲ್ಲಿ ಅವನ ಪಾಲಿನ ಮೊತ್ತ ಹೋಗುತ್ತದೆ. ಅವನು ದೇವರನ್ನು ನಂಬುವುದಿಲ್ಲ, ಜೋಯಿಸರನ್ನಂತೂ ನಂಬುವುದೇ ಇಲ್ಲ. ಆದರೂ ಅಜ್ಜ ಕೊಟ್ಟ ಮಾತು ಎಂದು ಅಂದೇ ಸಂಜೆ ಹಣ ಕಳಿಸುತ್ತಾನೆ, ಕೋಲದ ರಾತ್ರಿ ನೇರ ಪ್ರಸಾರ ಇರುತ್ತದೆಯೇ ಎಂದೂ ಕೇಳುತ್ತಾನೆ.